ಕಂಬಳಿಗೆ ಮೈಲಿಗೆಯಿಲ್ಲ

ನಾಗಕ್ಕ ಎಣಿಸುವುದು ತೆಲುಗಿನಲ್ಲಿ. ಅವಳ ತವರು ಪರಶುರಾಂಪುರದ ಆಚೆ, ಆಂಧ್ರದ ಗಡಿಗೆ ಅಂಟಿಕೊಂಡ ಊರು. ಅಲ್ಲಿ ಕಲಿತ ಒಕಟಿ, ರೆಂಡು, ಮೂಡು, ಮೊಳಕಾಲ್ಮೂರು ಸೀಮೆಯ ಈ ಹಟ್ಟಿಗೆ ಸೊಸೆಯಾಗಿ ಬಂದು ಮೂವತ್ತು ವರ್ಷವಾದರೂ ಬಾಯಿಂದ ಹೋಗಿಲ್ಲ. ಕುರಿ ಎಣಿಸಿದರೂ ಅಷ್ಟೆ, ರೇಷ್ಮೆಹುಳುವಿನ ತಟ್ಟೆ ಎಣಿಸಿದರೂ ಅಷ್ಟೆ, ಸೊಸೆ ಪವಿತ್ರ ಮುಟ್ಟಾಗಿ ಹಟ್ಟಿಯಾಚೆಯ ಗುಡಿಸಲಿಗೆ ಹೋದಾಗ ಐದು ದಿನ ಎಣಿಸಿದರೂ ಅಷ್ಟೆ. ಅವಳ ಎಣಿಕೆ ತಪ್ಪಿದ್ದನ್ನು ಕಂಡವರಿಲ್ಲ. ಕಂಡರೂ ಹೇಳುವ ಧೈರ್ಯ ಯಾರಿಗೂ ಇಲ್ಲ ಎಂಬುದು ಬೇರೆ ಮಾತು.

ಅದಕ್ಕೇ, 2001ರ ಶ್ರಾವಣದಲ್ಲಿ ಅವರ ಹುಳುಮನೆಯ ರೇಷ್ಮೆಹುಳುವೆಲ್ಲ ಎರಡನೇ ಸಲವೂ ಸತ್ತು, ಹಟ್ಟಿಯ ಹಿರಿಯ ಬೊಮ್ಮಲಿಂಗಪ್ಪ ‘ಹುಡ್ಗಿ ಐದು ದಿನ ತುಂಬೋಕೆ ಮುಂಚೆ ಒಳಗೆ ಬಂದೌಳೆ’ ಎಂದಾಗ, ನಾಗಕ್ಕನಿಗೆ ಮೊದಲು ಬಂದದ್ದು ಸೊಸೆಯ ಮೇಲಿನ ಕರುಣೆಯಲ್ಲ, ಸಿಟ್ಟು. ಎಣಿಸಿದವಳು ತಾನು. ಐದನೇ ದಿನ ತಲೆ ಮೇಲೆ ನೀರು ಹಾಕಿಸಿ ಒಳಗೆ ಕರೆದುಕೊಂಡವಳೂ ತಾನು. ಹುಡುಗಿ ಕಟ್ಟು ಮುರಿದಳು ಎನ್ನುವುದೂ ನಾಗಕ್ಕನಿಗೆ ಐದರವರೆಗೆ ಎಣಿಸಲು ಬರುವುದಿಲ್ಲ ಎನ್ನುವುದೂ ಒಂದೇ.

ಹುಳು ಸತ್ತ ರೀತಿ ಮಾತ್ರ ವಿಚಿತ್ರವಾಗಿತ್ತು. ರೇಷ್ಮೆಹುಳು ಮೇವು ಬಿಟ್ಟು ಪೊರೆ ಕಳಚುವುದಕ್ಕೆ ಜ್ವರ ಎನ್ನುತ್ತಾರೆ. ನಾಲ್ಕನೇ ಜ್ವರ ದಾಟಿ, ಇನ್ನು ಆರು ದಿನಕ್ಕೆ ಗೂಡು ಕಟ್ಟಬೇಕಿದ್ದ ಹುಳುಗಳು ಇದ್ದಕ್ಕಿದ್ದಂತೆ ಸೊಪ್ಪು ಮುಟ್ಟಲಿಲ್ಲ. ತಲೆ ಎತ್ತಿ ನಿಂತವು, ಹಸಿರು ನೀರು ಕಕ್ಕಿದವು, ಮೈಮೇಲೆ ಕರಿಚುಕ್ಕೆ ಎದ್ದವು, ಬಾಗಿ ಸತ್ತವು. ರೋಗ ಬಂದ ಹುಳುವಾದರೆ ಕೊಳೆತು ಬೀದಿಗೆಲ್ಲ ನಾರುತ್ತದೆ. ಇವು ನಾರಲೇ ಇಲ್ಲ, ಹಾಗೇ ಒಣಗಿದವು. ಆಷಾಢಕ್ಕೆ ಮುಂಚಿನ ಬೆಳೆಯಲ್ಲೂ ಹೀಗೇ ಆಗಿತ್ತು. ಅದಕ್ಕೂ ಹಿಂದಿನ ಮೂರು ವರ್ಷ ಒಂದು ತಟ್ಟೆ ಕೆಟ್ಟದ್ದಿಲ್ಲ.

ಬೊಮ್ಮಲಿಂಗಪ್ಪ ಕೆಟ್ಟವನಲ್ಲ. ಹಟ್ಟಿಯಲ್ಲಿ ಯಾರಿಗೆ ಹೆರಿಗೆ ಕಷ್ಟವಾದರೂ ಮೊದಲು ಗಾಡಿ ಹೂಡಿಸುವವನು ಅವನೇ. ಆದರೆ ತಾನು ಹಿಡಿದ ಮೊಲಕ್ಕೆ ಮೂರೇ ಕಾಲು. ನಾಗಕ್ಕನ ಗಂಡ ಪಾತಣ್ಣನಿಗೆ ದೊಡ್ಡಪ್ಪನ ಮಗ, ಹಾಗಾಗಿ ಅವಳಿಗೆ ಭಾವ. ಗುಡಿಯ ಕಟ್ಟೆಯ ಮೇಲೆ ಕೂತು ಅವನು ತೀರ್ಮಾನ ಹೇಳಿಬಿಟ್ಟ.

“ಹುಡ್ಗಿ ಗುಡಿ ಮುಂದೆ ನಿಂತು ತಪ್ಪಾಯ್ತು ಅನ್ಲಿ. ಅನ್ನಲ್ಲ ಅಂದ್ರೆ ತವರಿಗೆ ಕಳ್ಸು. ಹುಳ ಅಂದ್ರೆ ಸುಮ್ನೆ ಅಲ್ಲ ನಾಗಕ್ಕ, ಮಡಿ ಕೇಳೋ ಜೀವ ಅದು.”

ಪವಿತ್ರಳಿಗೆ ಇಪ್ಪತ್ತೆರಡು. ಮದುವೆಯಾಗಿ ಎರಡು ವರ್ಷ. ಗಂಡ ರವಿಕಿರಣ್ ಟ್ರ್ಯಾಕ್ಟರ್ ಹೊಡೆಯಲು ಚಳ್ಳಕೆರೆ ಕಡೆ ಹೋದರೆ ವಾರಕ್ಕೊಮ್ಮೆ ಮುಖ ತೋರಿಸುವವನು. ಹುಳುವಿನ ಕೆಲಸದಲ್ಲಿ ಅವಳ ಕೈ ಚೆನ್ನಾಗಿತ್ತು. ಎಳೇ ಹುಳುವಿಗೆ ಸೊಪ್ಪು ಹೆಚ್ಚುವಾಗ ಕತ್ತಿ ಎಲೆಗೆ ನೋವು ಮಾಡಲಿಲ್ಲವೇನೋ ಎನ್ನಿಸುವಷ್ಟು ಸಣ್ಣಗೆ ಹೆಚ್ಚುತ್ತಿದ್ದಳು. ಜಗಳ ಮಾತ್ರ ಅವಳಿಗೆ ಆಗದು.

“ಹೋಗ್ಲಿ ಬಿಡ್ರತ್ತೆ. ಒಂದು ಮಾತು ತಾನೆ, ಅಂದುಬಿಡ್ತೀನಿ” ಎಂದಳು.

“ಅಂದ್ರೆ ಕಾಲು ಮುರೀತೀನಿ” ಎಂದಳು ನಾಗಕ್ಕ. “ಇವತ್ತು ಒಂದು ಮಾತು. ನಾಳೆ ಕುರಿ ಸತ್ರೂ ನಿನ್ನಿಂದ್ಲೇ, ಬೋರು ಬತ್ತಿದ್ರೂ ನಿನ್ನಿಂದ್ಲೇ. ನಿನಗೆ ಹುಟ್ಟೋ ಮಗಳ ಮದುವೇಲೂ ಅದನ್ನೇ ಆಡ್ತಾರೆ. ನೀನು ಐದು ದಿನಾನೂ ಅಲ್ಲೇ ಇದ್ದೆ ತಾನೆ?”

“ಇದ್ದೆ.”

“ಹಂಗಾದ್ರೆ ಮುಗೀತು.”

ಅವಳು ಕಟ್ಟೆಗೆ ವಾಪಸು ಹೋಗಿ ಬೊಮ್ಮಲಿಂಗಪ್ಪನಿಂದ ಒಂದು ಬೆಳೆಯ ಅವಧಿ ಕೇಳಿದಳು. ಅಷ್ಟರಲ್ಲಿ ಕಾರಣ ಹುಡುಕದಿದ್ದರೆ ತಾನೇ ಸೊಸೆಯ ಕೈಹಿಡಿದು ಗುಡಿ ಮುಂದೆ ನಿಲ್ಲಿಸುತ್ತೇನೆ ಎಂದಳು. ಬೊಮ್ಮಲಿಂಗಪ್ಪ ಒಪ್ಪಿದ. ನಾಗಕ್ಕನೊಂದಿಗೆ ಮಾತಿಗೆ ನಿಂತು ಊಟದ ಹೊತ್ತು ಕಳೆದುಕೊಂಡ ಅನುಭವ ಅವನಿಗೆ ಹಳೆಯದು.

ಮಾರನೆಯ ದಿನ ಅವಳು ಸತ್ತ ಹುಳುಗಳನ್ನು ಖಾಲಿ ಸುಣ್ಣದ ಡಬ್ಬಿಗೆ ತುಂಬಿಕೊಂಡು ಮೊಳಕಾಲ್ಮೂರಿಗೆ ಬಸ್ಸು ಹತ್ತಿದಳು. ರೇಷ್ಮೆ ಕಚೇರಿಯಲ್ಲಿ ಶಾಂತವೀರಪ್ಪ ಎಂಬ ಪ್ರದರ್ಶಕರಿದ್ದರು. ರೈತರ ಮನೆಗೆ ಬಂದು ಹುಳು ನೋಡಿ ಸಲಹೆ ಹೇಳುವುದು ಅವರ ಕೆಲಸ. ಇನ್ನು ಎರಡು ವರ್ಷಕ್ಕೆ ನಿವೃತ್ತಿ. ಡಬ್ಬಿ ತೆರೆದು ಮೂಸಿ ನೋಡಿದರು. ನಾತ ಬರಲಿಲ್ಲವೆಂದು ಹುಬ್ಬೇರಿಸಿದರು.

“ಹುಳಮನೇಲಿ ಯಾರಿಗಾದ್ರೂ ಮೈ ಕಡಿತ ಐತೇನಮ್ಮ?” ಎಂದು ಕೇಳಿದರು.

ಹುಳು ಸತ್ತದ್ದಕ್ಕೂ ಮೈ ಕಡಿತಕ್ಕೂ ಏನು ಸಂಬಂಧ ಎಂದು ನಾಗಕ್ಕನಿಗೆ ಅರ್ಥವಾಗಲಿಲ್ಲ. “ಸೊಸೆಗೆ ಬೆನ್ನು ತುಂಬ ಗಂಧೆ ಎದ್ದೈತೆ. ನಂಗೆ ಎಡ ಭುಜ. ಬೆವರುಸಾಲೆ ಅಂದ್ಕೊಂಡ್ವಿ.”

“ಗಾಳಿ ಬೀಸೋ ಶ್ರಾವಣದಾಗೆ ಬೆವರುಸಾಲೆನಾ?” ಎಂದ ಶಾಂತವೀರಪ್ಪ, ರೇಷ್ಮೆಹುಳುವಿನ ಗಂಟುರೋಗ ಪರೀಕ್ಷೆಗೆಂದು ಇಟ್ಟಿದ್ದ ಸೂಕ್ಷ್ಮದರ್ಶಕದ ಮೇಲಿನ ಬಟ್ಟೆ ತೆಗೆದರು. ಸತ್ತ ಹುಳುವಿನ ಮೈಮಡಿಕೆಯಿಂದ ಸೂಜಿಮೊನೆಯಲ್ಲಿ ಏನನ್ನೋ ಎತ್ತಿ ಗಾಜಿನ ಮೇಲಿಟ್ಟರು. ಬಹಳ ಹೊತ್ತು ನೋಡಿದರು. ಆಮೇಲೆ ಕುರ್ಚಿ ಬಿಟ್ಟು ಎದ್ದು, “ಕೂತ್ಕೊಂಡು ನೀವೇ ನೋಡ್ರಿ” ಎಂದರು.

ನಾಗಕ್ಕ ಒಂದು ಕಣ್ಣು ಮುಚ್ಚಿ ಬಾಗಿದಳು. ಮೊದಲು ತನ್ನ ರೆಪ್ಪೆಗೂದಲೇ ಕಂಡಿತು. ನಂತರ ಬೆಳಕಿನ ಬಟ್ಟಲೊಳಗೆ ಒಂದು ಹಳದಿ ಉಂಡೆ ಕಂಡಿತು. ಉಂಡೆಯ ಒಂದು ತುದಿಯಲ್ಲಿ ಸಣ್ಣ ತಲೆ, ಪುಟಾಣಿ ಕಾಲುಗಳು.

“ಇದೂ ಒಂದು ನುಸಿ” ಎಂದರು ಶಾಂತವೀರಪ್ಪ. “ತೆಂಗಿಗೆ ನುಸಿ ಬಂದೈತೆ ಅಂತಾರಲ್ಲ, ಅದು ಬೇರೆ ಕುಲ. ಇದು ಹುಳ ತಿನ್ನೋ ಕುಲ. ಎಂಟು ಕಾಲು, ಮುಂಗಾಲ ತುದೀಲಿ ಕೊಕ್ಕೆ, ಬಾಯಿ ಅಂದ್ರೆ ಸೂಜಿ. ಹೊಟ್ಟೆ ಖಾಲಿ ಇದ್ದಾಗ ಕಣ್ಣಿಗೇ ಕಾಣಲ್ಲ, ಧೂಳಿನ ಕಣದಷ್ಟು. ಹುಳದ ಮೈಗೆ ಸೂಜಿ ಚುಚ್ಚಿ ವಿಷ ಬಿಡ್ತು ಅಂದ್ರೆ, ತನಗಿಂತ ಸಾವಿರ ಪಾಲು ದೊಡ್ಡ ಹುಳ ಅಲುಗಾಡ್ದಂಗೆ ಬಿದ್ದೋಗ್ತೈತೆ. ಆಮೇಲೆ ಕೂತು ಕುಡಿಯೋದು.”

“ಮತ್ತೆ ಈ ಉಂಡೆ?”

“ಬಸುರಿ ಅದು. ಕುಡೀತಾ ಕುಡೀತಾ ಹಿಂಭಾಗ ಸಾಸಿವೆ ಕಾಳಿನಷ್ಟು ಊದ್ಕೊಳ್ತೈತೆ. ಮೊಟ್ಟೆ ಹೊರಗೆ ಇಡಲ್ಲ. ಮರಿ ಒಡೆಯೋದು, ಬೆಳೆಯೋದು, ಪ್ರಾಯಕ್ಕೆ ಬರೋದು ಎಲ್ಲಾ ಅವ್ವನ ಹೊಟ್ಟೇಲೇ. ಇನ್ನೂರು ಮಕ್ಳು ಅಂದ್ರೆ ಗಂಡು ಏಳೋ ಎಂಟೋ. ಅವು ಮೊದ್ಲು ಹುಟ್ತಾವೆ, ಹುಟ್ಟಿ ಎಲ್ಲಿಗೂ ಹೋಗಲ್ಲ. ಅವ್ವನ ಮೈಮೇಲೇ ಕೂತು, ಅಕ್ಕತಂಗೇರು ಹೊರಗೆ ಬರುವಾಗ ಹಿಂಗಾಲಲ್ಲಿ ಹಿಡಿದು ಎಳೀತಾವೆ, ಅಲ್ಲೇ ಕೂಡ್ತಾವೆ, ಅಲ್ಲೇ ಸಾಯ್ತಾವೆ. ಹೆಣ್ಣುಮಕ್ಳು ಮಾತ್ರ ಹಸ್ಕೊಂಡು ಹೊಸ ಹುಳ ಹುಡುಕ್ಕೊಂಡು ಹೊರಡೋದು.”

“ಗಂಡುಮಕ್ಳು ಅವ್ವನ ಮೈಮೇಲೇ ಕೂತು ಉಂಡು ಸಾಯೋದಾ?” ನಾಗಕ್ಕ ಕಣ್ಣು ತೆಗೆಯದೆಯೇ ಕೇಳಿದಳು. “ನಮ್ಮ ಹಟ್ಟೀಲೂ ಈ ಕುಲದೋರು ಅವ್ರೆ ಸಾರ್.”

ಶಾಂತವೀರಪ್ಪ ನಕ್ಕರು. ನಕ್ಕು ಮುಗಿಸಿ ಮುಖ್ಯವಾದ ಮಾತು ಹೇಳಿದರು. ಈ ನುಸಿ ಮನುಷ್ಯರನ್ನೂ ಕಚ್ಚುತ್ತದೆ, ಆದರೆ ಮನುಷ್ಯರ ಮೇಲೆ ಬದುಕುವುದಿಲ್ಲ. ಕಚ್ಚಿದಾಗ ತಿಳಿಯುವುದೂ ಇಲ್ಲ, ಮಾರನೆಯ ದಿನ ಗಂಧೆ ಏಳುತ್ತದೆ. ತಿನ್ನಲು ಜೀವಂತ ಹುಳು ಸಿಗದಿದ್ದರೆ ಎರಡು ಮೂರು ದಿನದಲ್ಲಿ ಅದೇ ಸಾಯುತ್ತದೆ. ಒಂದು ಬೆಳೆಗೂ ಇನ್ನೊಂದಕ್ಕೂ ನಡುವೆ ವಾರಗಟ್ಟಲೆ ತೊಳೆದು ಮುಚ್ಚಿಟ್ಟ ಹುಳುಮನೆಯಲ್ಲಿ ಅದು ಕಾದು ಕೂತಿರಲು ಸಾಧ್ಯವೇ ಇಲ್ಲ.

“ಅಂದ್ರೆ ಬೇರೆ ಕಡೆಯಿಂದ ಬಂದೈತೆ” ಎಂದಳು ನಾಗಕ್ಕ.

“ಬೇರೆ ಕಡೆಯಿಂದ ಬಂದೈತೆ. ಎಲ್ಲಿ ಕುಟ್ಟೆ ಹುಳ ಬಿದ್ದ ಕಾಳು, ಬೀಜ, ಹಳೇ ಮೇವು ಐತೆ, ಅಲ್ಲಿ ನೋಡ್ರಿ. ಆ ಕುಟ್ಟೆ ಮರೀನ ತಿಂದು ಅಲ್ಲಿ ಸಂಸಾರ ಮಾಡ್ತಿರ್ತೈತೆ. ಅಲ್ಲಿಂದ ನಿಮ್ಮ ಹುಳಮನೆಗೆ ಯಾವುದೋ ಒಂದು ವಸ್ತು ಹೋಗ್ತಾ ಐತೆ.”

ಮಡಿಸುವ ಭೂತಗನ್ನಡಿಯೊಂದು ಮೇಜಿನ ಮೇಲಿತ್ತು. ನಾಗಕ್ಕ ಅದನ್ನು ಕೇಳಲಿಲ್ಲ, ಎತ್ತಿಕೊಂಡು ಸೆರಗಿನ ತುದಿಗೆ ಗಂಟು ಹಾಕಿದಳು. “ವಾಪಸ್ ತಂದುಕೊಡ್ತೀನಿ” ಎಂದಳು. ಶಾಂತವೀರಪ್ಪ ಬೇಡವೆನ್ನುವಷ್ಟರಲ್ಲಿ ಅವಳು ಬಾಗಿಲು ದಾಟಿದ್ದಳು.

ಭಾದ್ರಪದದಲ್ಲಿ ಮೂರನೇ ಬೆಳೆಯ ಎಳೇ ಹುಳು ಬಂತು. ಅವು ತಟ್ಟೆಯಲ್ಲಿ ಹೆಚ್ಚಿದ ಸೊಪ್ಪು ಮೇಯುತ್ತಿರುವಾಗ ನಾಗಕ್ಕ ಮನೆಯನ್ನು ಬುಡಮೇಲು ಮಾಡಿದಳು. ರಾಗಿ ತುಂಬುವ ಮಣ್ಣಿನ ವಾಡೆ, ಹುರುಳಿ ಮೂಟೆ, ಅವರೆ ಬೀಜದ ಗಡಿಗೆ, ಶೇಂಗಾ ಹೊಟ್ಟು, ಬಣವೆಯ ಬುಡ, ಹೀಗೆ ಒಂದೊಂದನ್ನೂ ಮೊರದಲ್ಲಿ ಹರವಿ ಬಿಸಿಲಲ್ಲಿ ಕೂತು ಭೂತಗನ್ನಡಿ ಹಿಡಿದು ನೋಡಿದಳು. ಪಾತಣ್ಣ ಕುರಿ ಹೊಡೆದುಕೊಂಡು ಹೋಗುವಾಗ ನೋಡಿ, “ಏನು ಬಂಗಾರ ಸಿಕ್ತಾ?” ಎಂದ. “ನಿಮ್ಮ ಕುಲದೋರು ಸಿಕ್ತಾರೇನೋ ಅಂತ ನೋಡ್ತಿದೀನಿ” ಎಂದಳು. ಅವನಿಗೆ ಅರ್ಥವಾಗಲಿಲ್ಲ. ಅರ್ಥವಾಗದಿದ್ದಾಗ ಸುಮ್ಮನೆ ಹೋಗಿಬಿಡುವುದು ಅವನ ಒಳ್ಳೆಯ ಗುಣ.

ಹುರುಳಿಯಲ್ಲಿ ಒಂದಿಷ್ಟು ಕುಟ್ಟೆ ಇತ್ತು, ಹಳದಿ ಉಂಡೆ ಇರಲಿಲ್ಲ. ಅವರೆಯಲ್ಲೂ ಇರಲಿಲ್ಲ. ಹತ್ತು ದಿನ ಕಳೆಯಿತು. ಎರಡನೇ ಜ್ವರ ದಾಟಿದ ದಿನವೇ ಪವಿತ್ರ ಮುಟ್ಟಾಗಿ ಗುಡಿಸಲು ಸೇರಿದಳು. ಸೊಪ್ಪು ಹಾಕುವ ಕೆಲಸವೆಲ್ಲ ನಾಗಕ್ಕನ ತಲೆಗೆ ಬಂತು. ಹುಳುವಿಗೆ ನಾಲ್ಕು ಹೊತ್ತು ಸೊಪ್ಪು, ನಡುವೆ ಹುಡುಕಾಟ. ಇಡೀ ಮನೆ ಮುಗಿದಿತ್ತು, ಕೊಟ್ಟಿಗೆ ಮುಗಿದಿತ್ತು, ಕಣ ಮುಗಿದಿತ್ತು. ಹುಡುಕಲು ಇನ್ನೊಂದು ಜಾಗ ಉಳಿದಿದೆ ಎಂದು ಅವಳಿಗೆ ಹೊಳೆಯಲೇ ಇಲ್ಲ. ಮನೆ ಎಂದರೆ ಅವಳ ಲೆಕ್ಕದಲ್ಲಿ ಗುಡಿಸಲು ಸೇರುತ್ತಿರಲಿಲ್ಲ.

ಮೂರನೇ ದಿನ ಸೊಸೆಗೆ ಮುದ್ದೆ ತೆಗೆದುಕೊಂಡು ಹೋದಳು. ಪದ್ಧತಿಯಂತೆ ದೂರದ ಕಲ್ಲಿನ ಮೇಲಿಟ್ಟು ಹಿಂದೆ ಸರಿದು ನಿಂತಳು. ಪವಿತ್ರ ಜಾಲಿಮರದ ನೆರಳಲ್ಲಿ ಕೂತು, ಬೆನ್ನನ್ನು ಮರದ ಕಾಂಡಕ್ಕೆ ಉಜ್ಜುತ್ತಿದ್ದಳು.

“ಕಡಿತ ಮತ್ತೆ ಶುರುವಾಯ್ತಾ?”

“ಇಲ್ಲಿಗೆ ಬಂದಾಗೆಲ್ಲಾ ಹಿಂಗೇ ಅತ್ತೆ. ಮನೆಗೆ ಬಂದ ಮೇಲೆ ವಾರಕ್ಕೆ ಕಮ್ಮಿ ಆಗ್ತೈತೆ.”

ನಾಗಕ್ಕ ನಿಂತಲ್ಲೇ ನಿಂತಳು. ಗುಡಿಸಲಿನ ಕಡೆ ನೋಡಿದಳು. ಆಮೇಲೆ ಸೊಂಟಕ್ಕೆ ಸೆರಗು ಬಿಗಿದು ನೇರ ಒಳಗೆ ನುಗ್ಗಿದಳು. “ಅತ್ತೆ, ನೀವು ಒಳಗೆ ಬರ್ಬಾರ್ದು” ಎಂದು ಪವಿತ್ರ ಹಿಂದಿನಿಂದ ಕೂಗಿದಳು. ಮುಟ್ಟಿದ್ದಕ್ಕೆ ತಲೆಮೇಲೆ ನೀರು ಹಾಕಿಕೊಂಡರಾಯಿತು, ಬಾವಿ ಎಲ್ಲೂ ಓಡಿಹೋಗುವುದಿಲ್ಲ.

ಒಳಗೆ ಆರು ಚೀಲ ಹುಣಸೆ ಬೀಜ ಸಾಲಾಗಿ ಇದ್ದವು. ಚಳ್ಳಕೆರೆಯಲ್ಲಿ ಕಂಬಳಿ ನೇಯುವವರು ಹುಣಸೆ ಬೀಜ ಹುರಿದು ಬೀಸಿ, ಗಂಜಿ ಕಾಯಿಸಿ ಉಣ್ಣೆ ನೂಲಿಗೆ ಹಚ್ಚುತ್ತಾರೆ. ಪ್ರತಿ ಬೇಸಿಗೆ ಬೀಜ ಅವರಿಗೆ ಹೋಗುತ್ತಿತ್ತು. ಈ ವರ್ಷ ಕೊಳ್ಳುವವನು ದೀಪಾವಳಿ ನಂತರ ಬರುತ್ತೇನೆಂದಿದ್ದ. ತಿನ್ನುವ ಪದಾರ್ಥವನ್ನು ಮುಟ್ಟಿನ ಗುಡಿಸಲಲ್ಲಿ ಇಡುವಂತಿಲ್ಲ. ಇದು ತಿನ್ನುವುದಲ್ಲವಲ್ಲ, ನೂಲಿಗೆ ಹಚ್ಚುವುದು, ಹಾಗಾಗಿ ನಾಗಕ್ಕನೇ ಅಲ್ಲಿ ಇಡಿಸಿದ್ದಳು. ಮಳೆಗಾಲ ಹಿಡಿದಾಗ, ‘ನೆಲ ತಂಡಿ, ಚೀಲದ ಮೇಲೆ ಮಲಕ್ಕೋ ಹುಡ್ಗಿ’ ಎಂದು ಹೇಳಿದವಳೂ ಅವಳೇ. ತನ್ನ ಕಾಲದಲ್ಲಿ ಬರಿ ನೆಲವೇ ಗತಿಯಾಗಿತ್ತು, ಸೊಸೆಗೆ ಅಷ್ಟಾದರೂ ಸುಖವಿರಲಿ ಎಂದುಕೊಂಡಿದ್ದಳು.

ಒಂದು ಚೀಲದ ಬಾಯಿ ಬಿಚ್ಚಿ ಬೊಗಸೆ ತುಂಬಿಕೊಂಡು ಬಾಗಿಲ ಬೆಳಕಿಗೆ ಬಂದಳು. ಬೀಜಕ್ಕೊಂದು ತೂತು. ಬೆರಳ ಸಂದಿಯಿಂದ ಬೂದಿಯಂಥ ಪುಡಿ ಉದುರಿತು. ಎರಡು ಬೀಜ ಕಲ್ಲಿನಿಂದ ಒಡೆದು ಭೂತಗನ್ನಡಿ ಹಿಡಿದಳು. ಒಳಗೆ ಬಿಳಿ ಮರಿಹುಳು ಮುದುಡಿ ಬಿದ್ದಿತ್ತು. ಅದರ ಮೈತುಂಬ ಹಳದಿ ಉಂಡೆಗಳು ಅಂಟಿದ್ದವು. ನಾಗಕ್ಕ ಎಣಿಸತೊಡಗಿದಳು, ಒಕಟಿ, ರೆಂಡು, ಮೂಡು. ಹನ್ನೊಂದಕ್ಕೆ ಬಿಟ್ಟಳು.

ಬೇರು ಸಿಕ್ಕಿತು, ದಾರಿ ಸಿಗಲಿಲ್ಲ. ಇಲ್ಲಿಂದ ಹುಳುಮನೆಗೆ ಹೋಗುವುದು ಯಾವುದು? ಐದನೇ ದಿನ ಪವಿತ್ರ ಬಾವಿಯ ಹತ್ತಿರ ತಲೆಗೆ ಸ್ನಾನ ಮಾಡುತ್ತಾಳೆ. ಉಟ್ಟ ಸೀರೆ ಒಗೆಯುತ್ತಾಳೆ. ತಟ್ಟೆ, ಚೊಂಬು, ಚಾಪೆ ಇಲ್ಲೇ ಉಳಿಯುತ್ತವೆ. ಹೊರಗೆ ಹೋಗುವ ವಸ್ತುವೇ ಇಲ್ಲ. ಹೀಗೆಂದುಕೊಳ್ಳುತ್ತ ತಿರುಗಿದ ನಾಗಕ್ಕನ ಕಣ್ಣು ಚೀಲಗಳ ಮೇಲೆ ಹಾಸಿದ್ದ ಕರಿಕಂಬಳಿಯ ಮೇಲೆ ಬಿತ್ತು.

ಕಂಬಳಿಗೆ ಮೈಲಿಗೆಯಿಲ್ಲ. ಹಟ್ಟಿಯಲ್ಲಿ ಹಾಲು ಕುಡಿಯುವ ಕೂಸಿಗೂ ಗೊತ್ತಿರುವ ಮಾತು ಇದು. ಹತ್ತಿಬಟ್ಟೆ ಮುಟ್ಟು ಹಿಡಿಯುತ್ತದೆ, ಕುರಿಯ ಉಣ್ಣೆ ಹಿಡಿಯುವುದಿಲ್ಲ. ದೇವರನ್ನು ಕೂರಿಸುವುದು ಕಂಬಳಿಯ ಮೇಲೆ, ಹೆಣಕ್ಕೆ ಹೊದಿಸುವುದೂ ಕಂಬಳಿಯೇ. ಆದ್ದರಿಂದ ಅದನ್ನು ಒಗೆಯುವುದಿಲ್ಲ. ಮತ್ತೆ ಪ್ರತಿ ತಿಂಗಳು ಐದನೇ ದಿನ ಆ ಕಂಬಳಿಯನ್ನು ಗುಡಿಸಲಿನ ಬಾಗಿಲಿಂದ ಎತ್ತಿ, ಮಡಿಸಿ, ಎಡ ಭುಜದ ಮೇಲೆ ಹಾಕಿಕೊಂಡು ತಂದು, ಗಾಳಿ ನುಗ್ಗದಿರಲಿ ಎಂದು ಹುಳುಮನೆಯ ಬಾಗಿಲಿಗೆ ತೂಗುಹಾಕುತ್ತಿದ್ದುದು ಯಾರು?

ನಾಗಕ್ಕ ತನ್ನ ಎಡ ಭುಜ ಮುಟ್ಟಿಕೊಂಡಳು.

ಹೊರಗೆ ಬಂದಾಗ ಅವಳ ಮುಖ ನೋಡಿ ಪವಿತ್ರ ಹೆದರಿದಳು. ನಾಗಕ್ಕ ಎಲ್ಲವನ್ನೂ ಹೇಳಿದಳು. ಪವಿತ್ರ ಕೇಳಿ, “ಚೀಲ ಸುಟ್ಹಾಕಿ ಕಂಬಳಿ ಬಂಡೆ ಮ್ಯಾಲೆ ಒಣಗಾಕ್ರಿ, ಮುಗೀತು. ಯಾರಿಗೂ ಹೇಳೋದು ಬ್ಯಾಡ” ಎಂದಳು.

ಅದು ಸುಲಭದ ದಾರಿ. ನಾಗಕ್ಕ ಮೂರು ದಿನ ಅದನ್ನೇ ಮೆಲುಕು ಹಾಕಿದಳು. ಸುಮ್ಮನಿದ್ದರೆ ಈ ಬೆಳೆ ಉಳಿಯುತ್ತದೆ. ಆದರೆ ಹಟ್ಟಿ ಏನನ್ನುತ್ತದೆ? ಈ ಸಲ ಹುಡುಗಿ ನೆಟ್ಟಗಿದ್ದಳು, ಹುಳು ಉಳಿಯಿತು. ಹಿಂದೆ ನೆಟ್ಟಗಿರಲಿಲ್ಲ, ಸತ್ತವು. ಬೆಳೆ ಗೆದ್ದಷ್ಟೂ ಸೊಸೆಯ ತಪ್ಪು ಗಟ್ಟಿಯಾಗುತ್ತದೆ. ಮಾತಾಡಿದರೆ ತಾನು ಸಿಕ್ಕಿಬೀಳುತ್ತೇನೆ. ಸಿಕ್ಕಿಬೀಳುವುದು ಅವಳಿಗೆ ಅಭ್ಯಾಸವಿಲ್ಲದ ಕೆಲಸ. ಮೂರನೇ ದಿನ ಸಂಜೆಗೆ, ಅಭ್ಯಾಸವಿಲ್ಲದಿದ್ದರೆ ಮಾಡಿಕೊಳ್ಳಬೇಕು ಎಂದು ತೀರ್ಮಾನಿಸಿದಳು.

ಐದು ಚೀಲ ಬೀಜವನ್ನು ಹೊಲದ ಗುಂಡಿಯಲ್ಲಿ ಸುಟ್ಟಳು. ಆರನೆಯದನ್ನು ಕಣದ ಮೂಲೆಯ ಮುರುಕು ವಾಡೆಯೊಳಗಿಟ್ಟು ಮುಚ್ಚಿದಳು. ಅದು ಯಾಕೆ ಎಂದು ಪವಿತ್ರ ಕೇಳಿದ್ದಕ್ಕೆ “ಸಾಕ್ಷಿ” ಎಂದಳು. ಹುಳುಮನೆಯ ಬಾಗಿಲಿಗೆ ಹಳೆಯ ಗೋಣಿತಾಟು ಒಗೆದು ಕಟ್ಟಿದಳು. ಗುಡಿಸಲಿನಿಂದ ಬಂದ ಕರಿಕಂಬಳಿಯನ್ನು ವಾಡೆಯ ಪಕ್ಕದ ಗೂಟಕ್ಕೆ ಹಾಕಿದಳು. ಮೂರನೇ ಜ್ವರ ದಾಟಿತು, ನಾಲ್ಕನೆಯದು ದಾಟಿತು. ಹುಳು ಮೇಯುವ ಸದ್ದು ಬಾಗಿಲಾಚೆಗೂ ಕೇಳಿಸುತ್ತಿತ್ತು. ಹಣ್ಣಾದ ಹುಳುಗಳನ್ನು ಅತ್ತೆ ಸೊಸೆ ಇಬ್ಬರೂ ಆರಿಸಿ, ಗೂಡು ಕಟ್ಟಲೆಂದು ಬಿದಿರಿನ ಚಂದ್ರಿಕೆಗೆ ಬಿಟ್ಟರು. ಐದು ದಿನಕ್ಕೆ ಗೂಡು ಗಟ್ಟಿಯಾಗಿ ಬಿಳಿಯಾಗಿ ಕೈಗೆ ಬಂತು. ಒಂದು ಹುಳುವೂ ತಲೆ ಎತ್ತಿ ಕಕ್ಕಲಿಲ್ಲ.

ಬೊಮ್ಮಲಿಂಗಪ್ಪ ಕೂಟ ಕರೆದದ್ದು ಅದಾದ ವಾರದೊಪ್ಪತ್ತಿನಲ್ಲಿ. ಕೂಟಕ್ಕೆ ಹಿರಿಯರು ಕಂಬಳಿಯ ಮೇಲೆ ಕೂರಬೇಕು, ಆ ಕಂಬಳಿಯನ್ನು ಯಾರ ಮನೆಯ ನ್ಯಾಯವೋ ಆ ಮನೆಯವರೇ ತರಬೇಕು. ನಾಗಕ್ಕ ಹಿಂದಿನ ದಿನ ಬೆಳಿಗ್ಗೆಯೇ ಕರಿಕಂಬಳಿಯನ್ನು ವಾಡೆಯೊಳಗಿನ ಬೀಜದ ಮೇಲೆ ಹರವಿದ್ದಳು. ಕೂಟದ ಹೊತ್ತಿಗೆ ಅದನ್ನು ಕೋಲಿಗೆ ಸಿಕ್ಕಿಸಿಕೊಂಡು ತಂದು, ಗುಡಿಯ ಮುಂದೆ ಸುಕ್ಕಿಲ್ಲದಂತೆ ಹಾಸಿದಳು. ಪವಿತ್ರ ಅಂದು ಬೆಳಿಗ್ಗೆಯಷ್ಟೇ ಮತ್ತೆ ಹೊರಗಾಗಿದ್ದಳು. ಹೊರಗಾದವರು ದಾಟಿ ಬರಬಾರದ ಗಡಿಕಲ್ಲಿನಾಚೆ, ಕೂಗಿದರೆ ಕೇಳುವಷ್ಟು ದೂರದಲ್ಲಿ ನಿಂತಿದ್ದಳು.

ಬೊಮ್ಮಲಿಂಗಪ್ಪ ಇನ್ನಿಬ್ಬರು ಹಿರಿಯರೊಂದಿಗೆ ಚಕ್ಕಳಮಕ್ಕಳ ಹಾಕಿ ಕೂತ. “ಬೆಳೆ ಬಂತು, ಸಂತೋಷ. ಈ ಸಲ ಹುಡ್ಗಿ ಕಟ್ಟು ಹಿಡಿದ್ಲು, ದೇವ್ರು ಕೈಹಿಡಿದ. ಹಿಂದಿನ ಎರಡಕ್ಕೆ ಅಲ್ಲಿಂದ್ಲೇ ತಪ್ಪಾಯ್ತು ಅನ್ಲಿ, ಏಳೋಣ.”

ನಾಗಕ್ಕ ಹುಣಸೆ ಬೀಜದಿಂದ ಶುರುಮಾಡಿ ಹಳದಿ ಉಂಡೆಯವರೆಗೆ ಎಲ್ಲ ಹೇಳಿದಳು. ಹಿರಿಯರು ತಾಳ್ಮೆಯಿಂದ ಕೇಳಿದರು. ಕಂಬಳಿಯ ಮಾತು ಬಂದಾಗ ಮೂವರೂ ನಕ್ಕುಬಿಟ್ಟರು.

“ಕಂಬಳಿ ಹುಳ ಕೊಲ್ತೈತಾ?” ಎಂದ ಬೊಮ್ಮಲಿಂಗಪ್ಪ, ಅಂಗೈಯಿಂದ ಕಂಬಳಿ ಸವರುತ್ತ. “ಸೊಸೆ ಮೇಲೆ ಪ್ರೀತಿ ಇರ್ಲಿ ನಾಗಕ್ಕ. ಆದ್ರೆ ಉಣ್ಣೆ ಮೇಲೆ ಹೊರಿಸ್ಬ್ಯಾಡ. ಕಂಬಳಿಗೆ ಮೈಲಿಗೆ ಇಲ್ಲ, ಕೇಡೂ ಇಲ್ಲ.”

“ನಿಮ್ಮ ಮಾತೇ ಇರ್ಲಿ ಭಾವ. ಅವಸರ ಏನೂ ಇಲ್ಲ, ಕೂತು ಯೋಚನೆ ಮಾಡ್ರಿ. ನಾಳೆ ಬೆಳಿಗ್ಗೆ ನೀವು ಏನು ಹೇಳ್ತೀರೋ ಹಂಗೇ ಆಗ್ಲಿ” ಎಂದಳು ನಾಗಕ್ಕ, ಇದ್ದಕ್ಕಿದ್ದಂತೆ ತಣ್ಣಗೆ. ಅವಳು ತಣ್ಣಗೆ ಮಾತಾಡಿದರೆ ಅನುಮಾನಪಡಬೇಕು ಎಂಬುದು ಪಾತಣ್ಣನಿಗೆ ಗೊತ್ತಿತ್ತು, ಅವನನ್ನು ಯಾರೂ ಕೇಳಲಿಲ್ಲ. ಹಿರಿಯರು ಎಲೆಯಡಿಕೆ ಹಾಕಿಕೊಂಡು, ಕುರಿ ರೇಟು ಮಾತಾಡುತ್ತ ಮಧ್ಯಾಹ್ನದವರೆಗೆ ಅಲ್ಲೇ ಕೂತರು. ನೆರಳು ಚೆನ್ನಾಗಿತ್ತೆಂದು ಬೊಮ್ಮಲಿಂಗಪ್ಪ ಒಂದು ಜೊಂಪು ನಿದ್ದೆಯನ್ನೂ ತೆಗೆದ.

ಮಾರನೆಯ ದಿನ ಬೆಳಿಗ್ಗೆ ಅವನು ಬಂದಾಗ ಬಲಗೈ ಬನಿಯನ್ನಿನೊಳಗೆ ಬೆನ್ನು ಹುಡುಕುತ್ತಿತ್ತು. ಇನ್ನೊಬ್ಬ ಹಿರಿಯ ತೊಡೆ ಕೆರೆದುಕೊಳ್ಳುತ್ತಿದ್ದ. ಮೂರನೆಯವನು ಬರಲೇ ಇಲ್ಲ, ಮೈಗೆ ಬೇವಿನಸೊಪ್ಪು ಅರೆದು ಹಚ್ಚಿಕೊಂಡು ಮಲಗಿದ್ದಾನೆಂದು ಸುದ್ದಿ ಬಂತು. ಹಟ್ಟಿಯ ಹೆಂಗಸರೆಲ್ಲ ಗುಡಿಯ ಪಕ್ಕ ಸೇರಿದ್ದರು.

“ಭಾವ, ಬೆನ್ನು ತೋರಿಸ್ರಿ” ಎಂದಳು ನಾಗಕ್ಕ.

ಅವನು ತೋರಿಸಲಿಲ್ಲ. ಆದರೆ ಕುತ್ತಿಗೆಯವರೆಗೂ ಎದ್ದಿದ್ದ ಕೆಂಪು ಗಂಧೆ ಎಲ್ಲರಿಗೂ ಕಾಣುತ್ತಿತ್ತು.

“ಇದೇ ಗಂಧೆ ನಮ್ಮ ಹುಡ್ಗಿ ಬೆನ್ನ ಮೇಲೂ ಇತ್ತು. ನೀವು ಯಾವ ಕಟ್ಟು ಮುರಿದ್ರಿ, ಹೇಳ್ರಿ. ಎಷ್ಟನೇ ದಿನ ಒಳಗೆ ಬಂದ್ರಿ?”

ಹೆಂಗಸರ ಕಡೆಯಿಂದ ಯಾರೋ ಕಿಸಕ್ಕೆಂದರು. ಮತ್ತೆ ಎಲ್ಲರೂ ನಕ್ಕರು. ಬೊಮ್ಮಲಿಂಗಪ್ಪ ಕೆಂಪಾದ. ಆದರೆ ಅಷ್ಟು ವರ್ಷ ಕಟ್ಟೆಯ ಮೇಲೆ ಕೂತವನು ಸುಮ್ಮನೆ ಸೋಲುವವನಲ್ಲ. ಬೆನ್ನು ಕೆರೆಯುವುದನ್ನು ನಿಲ್ಲಿಸಿ, “ಸರಿ ನಾಗಕ್ಕ, ಕಂಬಳಿಯಿಂದ್ಲೇ ಬಂತು ಅಂತಿಟ್ಕೋ. ಕಂಬಳಿಗೆ ಎಲ್ಲಿಂದ ಬಂತು? ಮುಟ್ಟಿನ ಗುಡಿಸ್ಲಿಂದ ತಾನೆ? ನಾನು ಹೇಳಿದ್ದೂ ಅದೇ ಅಲ್ವಾ?” ಎಂದ.

ನಗು ನಿಂತಿತು. ಹೆಂಗಸರು ನಾಗಕ್ಕನ ಮುಖ ನೋಡಿದರು.

“ಹೌದು ಭಾವ, ಗುಡಿಸ್ಲಿಂದ್ಲೇ ಬಂತು” ಎಂದಳು ನಾಗಕ್ಕ. “ಹುಡ್ಗಿಯಿಂದ ಅಲ್ಲ. ತಿನ್ನೋಕೆ ಬಾರದ ಬೀಜ ಅಂತ ಅದನ್ನ ಅಲ್ಲಿಟ್ಟೋಳು ನಾನು. ಕಂಬಳಿ ಹೊತ್ತು ತಂದೋಳು ನಾನು. ನುಸಿಗೆ ಮುಟ್ಟೂ ಗೊತ್ತಿಲ್ಲ, ಮಡೀನೂ ಗೊತ್ತಿಲ್ಲ. ಅದು ಸಿಕ್ಕೋರ್ನ ಕಚ್ತು. ಆ ಬೀಜದ ಜೊತೆ ಹುಡ್ಗೀನ ಹಾಕಿ, ಐದು ದಿನ ಆಯ್ತಾ ಇಲ್ವಾ ಅಂತ ಕಾವಲು ಕಾದೋಳೂ ನಾನೇ.”

ಕೊನೆಯ ಮಾತನ್ನು ಹೇಳಬೇಕೆಂದು ಅವಳು ಬಂದಿರಲಿಲ್ಲ. ಅದು ಬಾಯಿಂದ ಬಂದ ಮೇಲೆ ಅವಳಿಗೇ ಕೇಳಿಸಿತು. ಕೇಳಿಸಿ, ತಡೆಯಲಾರದಷ್ಟು ನಾಚಿಕೆಯಾಯಿತು. ಐದು ದಿನ ಬೆನ್ನು ಕೆರೆದುಕೊಂಡು ಕೂತಿದ್ದ ಹುಡುಗಿ, ಆಮೇಲೂ ಬಾಯಿಬಿಟ್ಟು ಒಂದು ಮಾತು ದೂರಿರಲಿಲ್ಲ.

ತಪ್ಪು ಹೇಳುವವರು ಗುಡಿಯ ಕಡೆ ಮುಖ ಮಾಡಿ ನಿಂತು ಹೇಳಬೇಕು. ನಾಗಕ್ಕ ಗುಡಿಗೆ ಬೆನ್ನು ಮಾಡಿದಳು. ಹೆಂಗಸರು ದಾರಿ ಬಿಟ್ಟರು. ಅವಳು ಗಡಿಕಲ್ಲಿನ ಕಡೆ ನಡೆದಳು, ಕಲ್ಲನ್ನು ದಾಟಿದಳು, ನಿನ್ನೆಯಂತೆಯೇ ಅಲ್ಲಿ ನಿಂತಿದ್ದ ಸೊಸೆಯ ಎದುರು ನಿಂತಳು.

“ತಪ್ಪಾಯ್ತು ಕಣವ್ವ” ಎಂದಳು.

ಪವಿತ್ರಳಿಗೆ ಎತ್ತ ನೋಡಬೇಕೋ ತಿಳಿಯಲಿಲ್ಲ. ಎರಡು ಹೆಜ್ಜೆ ಹಿಂದೆ ಸರಿದಳು. ನಾಗಕ್ಕ ಕೈ ಚಾಚಿ ಅವಳ ಮಣಿಕಟ್ಟು ಹಿಡಿದಳು. ಇಡೀ ಹಟ್ಟಿ ನೋಡುತ್ತಿತ್ತು.

“ಅತ್ತೆ, ಮುಟ್ಬ್ಯಾಡ್ರಿ. ಇವತ್ತಿಗೆ ಎರಡನೇ ದಿನ.”

“ಗೊತ್ತೈತೆ” ಎಂದಳು ನಾಗಕ್ಕ, ಕೈ ಬಿಡದೆ. “ಬಿಸಿಲು ಏರ್ತಾ ಐತೆ. ಮನೆಗೆ ನಡಿ.”